ಕಡಿದ ಲೇಸಿಗೆ ಕೈಹೊಲಿಗೆ

ಕೇಳುಗರಿಗೆ ನಮಸ್ಕಾರ. ಅಜ್ಜಿಯೋ ಅತ್ತೆಯೋ ಹೆಣೆದ ಕ್ರೋಶಾ ಲೇಸು ಎಷ್ಟೋ ಮನೆಗಳ ಟ್ರಂಕಿನಲ್ಲಿ ಇನ್ನೂ ಇದೆ. ದಿಂಬಿನ ಕವರಿನ ಅಂಚು, ಮೇಜಿನ ಹಾಸು, ಲಂಗದ ಕೆಳಗಿನ ಪಟ್ಟಿ. ಒಂದು ಎಳೆ ಕಡಿದಿದೆ ಎಂದು ಅದನ್ನು ದಯವಿಟ್ಟು ಒರೆಸುವ ಬಟ್ಟೆ ಮಾಡಬೇಡಿ. ಅದು ಸರಿಹೋಗುತ್ತದೆ.

ಕ್ರೋಶಾ ಎಂದರೆ ಒಂದೇ ನೂಲಿನ ಕುಣಿಕೆಯೊಳಗೆ ಕುಣಿಕೆ. ನಡುವೆ ಕಡಿದರೆ ಅಕ್ಕಪಕ್ಕದ ಕುಣಿಕೆಗಳೂ ಸಡಿಲವಾಗಿ ಬಿಚ್ಚಿಕೊಳ್ಳುತ್ತವೆ. ಆದ್ದರಿಂದ ಕೊಳೆಯಾಗಿದ್ದರೂ ಮೊದಲು ಒಗೆಯಬೇಡಿ. ನೀರು ಕುಡಿದ ಹತ್ತಿಯ ಭಾರಕ್ಕೆ ತೂತು ಇನ್ನೂ ಹಿಗ್ಗುತ್ತದೆ. ತೆರೆದ ಕುಣಿಕೆಗಳಿಗೆಲ್ಲ ಒಂದು ತೆಳು ದಾರ ಪೋಣಿಸಿಡಿ. ಆಮೇಲೆ ಬಣ್ಣ ಬಿಡದ ನೀಲಿ ಬಟ್ಟೆಯ ಮೇಲೆ ಲೇಸನ್ನು ಎಳೆಯದೆ ಹರಡಿ, ಕಚ್ಚಾ ಹೊಲಿಗೆ ಹಾಕಿ. ಬಿಳಿ ಎಳೆ ಎಲ್ಲಿಂದ ಎಲ್ಲಿಗೆ ಹೋಗಿದೆ ಎಂಬುದು ಆಗ ಚೆನ್ನಾಗಿ ಕಾಣುತ್ತದೆ.

ಹೆಚ್ಚಿನವರು ಎಡವುವುದು ನೂಲಿನಲ್ಲಿ. ಗಟ್ಟಿಯಾಗಿರಲಿ ಎಂದು ಪಾಲಿಯೆಸ್ಟರ್ ದಾರ ಹಾಕುತ್ತಾರೆ. ಅದು ಹಳೆಯ ಹತ್ತಿಯನ್ನು ಉಜ್ಜಿ ಉಜ್ಜಿ ಕಡಿಯುತ್ತದೆ, ಮುಂದಿನ ತೂತು ಹೊಲಿಗೆಯ ಪಕ್ಕದಲ್ಲೇ ಬೀಳುತ್ತದೆ. ಹತ್ತಿ ನೂಲನ್ನೇ ತನ್ನಿ. ಹಳೆಯದರಷ್ಟೇ ದಪ್ಪ, ಇಲ್ಲವೆ ತುಸು ತೆಳು. ಹೊಸ ಬಿಳುಪು ಎದ್ದು ಕಾಣುವುದಾದರೆ ನೂಲನ್ನು ಮಾತ್ರ ಹಾಲಿಲ್ಲದ ಚಹಾದಲ್ಲಿ ಅದ್ದಿ, ತೊಳೆದು, ಒಣಗಿದ ಮೇಲೆ ಹೋಲಿಸಿ ನೋಡಿ.

ಇನ್ನು ಹೆಣಿಗೆ. ಕಡಿದ ಜಾಗದಿಂದ ಎರಡೂ ಕಡೆ ಕೆಲವು ಕುಣಿಕೆ ಬಿಚ್ಚಿ. ಮನಸ್ಸು ಒಪ್ಪುವುದಿಲ್ಲ, ಆದರೆ ಬಿಚ್ಚದಿದ್ದರೆ ಸೇರಿಸಲು ತುದಿಯೇ ಸಿಗದು. ನಕ್ಷೆಗೆ ಎಲ್ಲೂ ಹುಡುಕಬೇಕಿಲ್ಲ, ಅದೇ ಹೂವು ಲೇಸಿನಲ್ಲಿ ಪಕ್ಕದಲ್ಲೇ ಮತ್ತೆ ಬಂದಿರುತ್ತದೆ. ಎಷ್ಟು ಚೈನು, ಅಂದರೆ ಸರಪಳಿಯಂತೆ ಸಾಗುವ ಕುಣಿಕೆ, ಎಷ್ಟು ಕಂಬ, ಅಂದರೆ ನೆಟ್ಟಗೆ ನಿಲ್ಲುವ ಹೆಣಿಗೆ ಎಂದು ಎಣಿಸಿಕೊಂಡು ಸಣ್ಣ ಕೊಕ್ಕೆಯ ಕಡ್ಡಿಯಲ್ಲಿ ಹೆಣೆಯಿರಿ. ಮೇಲಿನ ಸಾಲಿಗೆ ಕೂಡಿಸುವ ಕಡೆ ಮಾತ್ರ ಸೂಜಿ ಬೇಕು. ಕುಣಿಕೆಯ ದಾರಿಯನ್ನೇ ಹಿಡಿದು ನೂಲು ಹಾಯಿಸಿ. ಗಂಟು ಬೇಡ. ತುದಿಗಳನ್ನು ಕಂಬಗಳ ಒಳಗೆ ಹೋಗಿ ಬರುವಂತೆ ತೂರಿಸಿ.

ಮದುವೆಯ ವೇಲಿನಂಥ ನೆಟ್ಟಿಗೆ ಕ್ರಮ ಬೇರೆ. 1809ರಲ್ಲಿ ಇಂಗ್ಲೆಂಡಿನ ಜಾನ್ ಹೀತ್‌ಕೋಟ್ ಪೇಟೆಂಟ್ ಪಡೆದ ಯಂತ್ರ ನೇಯ್ದದ್ದು ಇಂಥ ಆರು ಮೂಲೆಯ ಕಣ್ಣುಗಳ ಬಲೆಯನ್ನೇ. ಕಣ್ಣಿನ ಎಳೆಗಳಿಗೆ ಮೂರು ದಿಕ್ಕು, ಹಾಗಾಗಿ ಸೂಜಿಯೂ ಮೂರು ಸಲ ಹೋಗಬೇಕು: ಒಂದು ಓರೆ, ಎದುರು ಓರೆ, ಕೊನೆಗೆ ಅಡ್ಡ. ಅಡ್ಡ ಹೋಗುವಾಗ ಎಳೆಗಳು ಕೂಡುವಲ್ಲೆಲ್ಲ ಒಂದೊಂದು ಸುತ್ತು ಹಾಕಿ.

ಈಗ ಒಗೆಯಿರಿ. ಹಿಂಡದೆ ಟವೆಲ್ಲಿನಲ್ಲಿ ಒತ್ತಿ, ತುಕ್ಕು ಹಿಡಿಯದ ಪಿನ್ನಿನಿಂದ ಆಕಾರಕ್ಕೆ ಚುಚ್ಚಿ ಒಣಗಿಸಿ. ಎತ್ತಿಡುವ ಲೇಸಿಗೆ ಗಂಜಿ ಹಾಕಬೇಡಿ, ಹುಳು ಬರುತ್ತದೆ. ಮಡಿಚಲೂ ಬೇಡಿ, ಬಟ್ಟೆ ಸುತ್ತಿದ ಕೊಳವೆಗೆ ಸುರುಳಿ ಸುತ್ತಿಡಿ. ನಮಸ್ಕಾರ.