ತೋರು ತಾಕೆಮಿತ್ಸು: ಸದ್ದನ್ನು ಎಲ್ಲಿ ತೆಗೆಯಬೇಕು

ಕೇಳುಗರಿಗೆ ನಮಸ್ಕಾರ.

1985ರ ಜಪಾನಿ ಚಿತ್ರ ‘ರಾನ್’ನಲ್ಲಿ ಒಂದು ಕೋಟೆಗೆ ಮುತ್ತಿಗೆ ಬೀಳುತ್ತದೆ. ಬಾಣಗಳು ಹಾರುತ್ತವೆ, ಗೋಪುರ ಹೊತ್ತಿ ಉರಿಯುತ್ತದೆ, ಆದರೆ ಒಂದು ಕೂಗೂ ಕೇಳಿಸದು. ನಮ್ಮ ಕಿವಿಗೆ ಬೀಳುವುದು ವಾದ್ಯವೃಂದ ಮಾತ್ರ. ಹಲವು ನಿಮಿಷಗಳಾದ ಮೇಲೆ ಒಂದೇ ಗುಂಡು ಸಿಡಿಯುತ್ತದೆ. ಮುದಿ ದೊರೆಯ ಹಿರಿಯ ಮಗ ತಾರೊ ಉರುಳುತ್ತಾನೆ, ಅಲ್ಲಿಯವರೆಗೆ ತಡೆದಿಟ್ಟಿದ್ದ ಯುದ್ಧದ ಗದ್ದಲವೆಲ್ಲ ಒಮ್ಮೆಲೇ ನುಗ್ಗುತ್ತದೆ. ನಿರ್ದೇಶನ ಅಕಿರ ಕುರೊಸಾವಾ ಅವರದು, ಸಂಗೀತ ತೋರು ತಾಕೆಮಿತ್ಸು ಅವರದು.

ಕತ್ತಿಯ ಖಣಿಲು, ಕುದುರೆಯ ಕೆನೆತ, ಪಿಟೀಲುಗಳು ಒಟ್ಟಿಗೆ ಬಂದರೆ ಒಂದನ್ನೊಂದು ಮುಚ್ಚುತ್ತವೆ. ಆಗ ಸಾಮಾನ್ಯವಾಗಿ ಸಂಗೀತವನ್ನೇ ತಗ್ಗಿಸುತ್ತಾರೆ. ಇಲ್ಲಿ ಗದ್ದಲವನ್ನೇ ಪೂರ್ತಿ ತೆಗೆದರು. ಹಾಗಾಗಿ ಆ ಒಂದು ಗುಂಡಿಗೆ ಅಷ್ಟು ಬಲ ಬಂತು.

ತಾಕೆಮಿತ್ಸು ಹುಟ್ಟಿದ್ದು 1930ರಲ್ಲಿ, ಟೋಕಿಯೊದಲ್ಲಿ. ಸಂಗೀತವನ್ನು ಬಹುಮಟ್ಟಿಗೆ ತಾವಾಗಿಯೇ ಕಲಿತರು. 1996ರಲ್ಲಿ ತೀರಿಕೊಳ್ಳುವ ಹೊತ್ತಿಗೆ ಅವರು ಸಂಗೀತ ಕೊಟ್ಟ ಚಿತ್ರಗಳು ನೂರರ ಹತ್ತಿರ ಬಂದಿದ್ದವು. ಕಿರುತೆರೆಗೂ ಬರೆದರು: 1966ರಲ್ಲಿ ಜಪಾನಿನ ಸಾರ್ವಜನಿಕ ಪ್ರಸಾರ ಸಂಸ್ಥೆ ಎನ್‌ಎಚ್‌ಕೆಯ ವರ್ಷವಿಡೀ ನಡೆದ ಐತಿಹಾಸಿಕ ಧಾರಾವಾಹಿ ‘ಮಿನಮೊತೊ ಯೊಶಿತ್ಸುನೆ’ಗೆ ಸಂಗೀತ ಅವರದೇ.

1962ರ ‘ಹರಾಕಿರಿ’ಯಲ್ಲಿ ಅವರು ಬಿವಾ ಎಂಬ ತಂತಿವಾದ್ಯವನ್ನು ತಂದರು. ನಮ್ಮ ತಂಬೂರಿಯಲ್ಲಿ ತಂತಿಗಳನ್ನು ಹೊತ್ತ ಕುದುರೆಯ ಮೇಲೆ, ತಂತಿಯಡಿ ನೂಲಿನೆಳೆ ತೂರಿಸಿ ಝೇಂಕಾರ ಬರಿಸುತ್ತೇವಲ್ಲ, ಬಿವಾದಲ್ಲೂ ಅಂಥದೇ ನಾದವಿದೆ. ಅದರ ಹೆಸರು ‘ಸವರಿ’. ಅಲ್ಲಿ ನೂಲಿಲ್ಲ, ವೀಣೆಯಲ್ಲಿರುವಂಥ, ಆದರೆ ಎತ್ತರದ ಮೆಟ್ಟಿಲುಗಳ ತಲೆಯನ್ನು ನಯವಾಗಿ ಕೆತ್ತಿ, ತಂತಿ ಅದಕ್ಕೆ ತುಸುವೇ ಸೋಕುವಂತೆ ಮಾಡುತ್ತಾರೆ. ಹೆಚ್ಚು ಸೋಕಿದರೆ ನಾದ ಉಸಿರುಗಟ್ಟುತ್ತದೆ, ಸೋಕದೇ ಇದ್ದರೆ ಝೇಂಕಾರವೇ ಇಲ್ಲ. ಅಗಲವಾದ ಮೀಟುಗೋಲು ತಂತಿಯ ಜೊತೆ ಮರದ ಹಲಗೆಗೂ ಬಡಿಯುತ್ತದೆ. ಆ ಬಡಿತವೂ ಸಂಗೀತವೇ. ಇದೇ ಬಿವಾವನ್ನು ಶಕುಹಾಚಿ ಕೊಳಲಿನ ಜೊತೆ 1967ರಲ್ಲಿ ನ್ಯೂಯಾರ್ಕ್ ಫಿಲ್ಹಾರ್ಮೊನಿಕ್ ವಾದ್ಯವೃಂದದ ನಡುವೆ ಕೂರಿಸಿದ ಕೃತಿ ‘ನವೆಂಬರ್ ಸ್ಟೆಪ್ಸ್’.

ನನಗೆ ಅವರ ಚಿತ್ರಸಂಗೀತದಲ್ಲಿ ಅತ್ಯಂತ ಧೀರ ಕೆಲಸವೆನಿಸುವುದು 1964ರ ‘ಕ್ವೈದಾನ್’. ಅದರ ‘ಕಪ್ಪು ಕೂದಲು’ ಕಥೆಯಲ್ಲಿ ಗಂಡ ಪಾಳುಮನೆಯಲ್ಲಿ ಹೆಂಡತಿಯ ಅಸ್ಥಿಪಂಜರ ಕಂಡು ಓಡುತ್ತಾನೆ, ಕೊಳೆತ ಹಲಗೆ ಕುಸಿಯುತ್ತದೆ. ತಾಕೆಮಿತ್ಸು ಅಲ್ಲಿ ರಾಗ ಹಾಕಲಿಲ್ಲ. ಮರ ಸೀಳುವ ಸದ್ದನ್ನು ಟೇಪಿಗೆ ಹಿಡಿದು, ಮಾರ್ಪಡಿಸಿ, ಚಿತ್ರದ ಜೊತೆ ಹೊಂದಿಕೆಯಾಗದಂತೆ ಜೋಡಿಸಿದರು. ಕಾಲು ಹಲಗೆಯೊಳಗೆ ಇಳಿದದ್ದು ಕಣ್ಣಿಗೆ ಕಾಣುತ್ತದೆ, ಕಿವಿಗೆ ಏನೂ ಇಲ್ಲ. ಬಿರುಕಿನ ಸದ್ದು ಬೇರೆಯೇ ಗಳಿಗೆಯಲ್ಲಿ ಬರುತ್ತದೆ.