ದೇಶ ಮುಗಿಯಿತು ಎಂದು ಬರೆದ ಮೇಷ್ಟ್ರು

ಕೇಳುಗರಿಗೆ ನಮಸ್ಕಾರ.

ತತ್ವಶಾಸ್ತ್ರದ ಮಾತು ಅಂದ ತಕ್ಷಣ ರೇಡಿಯೊದ ಕಿವಿ ತಿರುಪಬೇಡಿ. ನಾನು ಶುರು ಮಾಡುವುದು ಒಂದು ಕ್ಷಿಪಣಿಯಿಂದ.

ಅದರ ಹೆಸರು ಬೊಮಾರ್ಕ್. ಅಮೆರಿಕದಲ್ಲಿ ತಯಾರಾದದ್ದು. ಸೋವಿಯತ್ ಬಾಂಬರ್ ವಿಮಾನಗಳು ಉತ್ತರ ಧ್ರುವದ ಕಡೆಯಿಂದ ಬಂದರೆ ಆಕಾಶದಲ್ಲೇ ಹೊಡೆದು ಹಾಕಬೇಕು, ಅದಕ್ಕಾಗಿ ಇದು. 1960ರ ದಶಕದ ಆರಂಭದಲ್ಲಿ ಕೆನಡಾ ಇಂಥ 56 ಕ್ಷಿಪಣಿಗಳನ್ನು ತಂದು ಎರಡು ಕಡೆ ನಿಲ್ಲಿಸಿತು. ಒಂದು ಒಂಟಾರಿಯೊದ ನಾರ್ತ್ ಬೇ, ಇನ್ನೊಂದು ಕ್ವಿಬೆಕ್‌ನ ಲಾ ಮಕಾಜಾ. ಆದರೆ ಅವುಗಳ ಮೂತಿಯಲ್ಲಿ ಇರಬೇಕಾದ ಅಣು ಸಿಡಿತಲೆ ಇರಲಿಲ್ಲ. ಸಿಡಿತಲೆ ಇಲ್ಲದ ಬೊಮಾರ್ಕ್ ಅಂದರೆ ಗುಂಡಿಲ್ಲದ ಕೋವಿ, ಅಷ್ಟೇ.

ಆಗ ಪ್ರಧಾನಿಯಾಗಿದ್ದವರು ಜಾನ್ ಡೀಫನ್‌ಬೇಕರ್. ಅವರು ಸಿಡಿತಲೆ ಬೇಕು ಅಂತಲೂ ಅನ್ನಲಿಲ್ಲ, ಬೇಡ ಅಂತಲೂ ಅನ್ನಲಿಲ್ಲ. ಇವತ್ತು ನಾಳೆ ಅಂತ ದಿನ ತಳ್ಳಿದರು. 1963ರ ಜನವರಿ 30ರಂದು ಅಮೆರಿಕದ ವಿದೇಶಾಂಗ ಇಲಾಖೆ ಒಂದು ಪತ್ರಿಕಾ ಹೇಳಿಕೆ ಕೊಟ್ಟಿತು. ಪಕ್ಕದ ದೇಶದ ಪ್ರಧಾನಿ ತನ್ನದೇ ಸಂಸತ್ತಿನಲ್ಲಿ ಆಡಿದ ಮಾತನ್ನು ಅದು ಅಲ್ಲಗಳೆಯಿತು. ವಾರ ತುಂಬುವುದರೊಳಗೆ ರಕ್ಷಣಾ ಸಚಿವರು ರಾಜೀನಾಮೆ ಕೊಟ್ಟರು, ಸರ್ಕಾರ ಬಿತ್ತು. ಏಪ್ರಿಲ್ ಚುನಾವಣೆಯಲ್ಲಿ ಗೆದ್ದು ಬಂದವರು ಲೆಸ್ಟರ್ ಪಿಯರ್ಸನ್. ಶಾಂತಿಗಾಗಿ ನೊಬೆಲ್ ಪಡೆದವರು ಇವರೇ. ಆ ವರ್ಷದ ಕೊನೆಯ ದಿನ ಸಿಡಿತಲೆಗಳು ಬಂದಿಳಿದವು.

ರಾಜಕೀಯದಲ್ಲಿ ಇದೆಲ್ಲ ಇದ್ದದ್ದೇ ಅಂತ ಸುಮ್ನಾಗಿಬಿಡಬಹುದಿತ್ತು. ಹ್ಯಾಮಿಲ್ಟನ್ ಊರಿನ ಮ್ಯಾಕ್‌ಮಾಸ್ಟರ್ ವಿಶ್ವವಿದ್ಯಾಲಯದಲ್ಲಿ ಪಾಠ ಹೇಳುತ್ತಿದ್ದ ಒಬ್ಬ ಮೇಷ್ಟ್ರಿಗೆ ಮಾತ್ರ ಸುಮ್ಮನಿರಲು ಆಗಲಿಲ್ಲ. ಅವರ ಹೆಸರು ಜಾರ್ಜ್ ಗ್ರಾಂಟ್. 1918ರಲ್ಲಿ ಟೊರಾಂಟೊದಲ್ಲಿ ಹುಟ್ಟಿದವರು. ಅಜ್ಜ ಒಂದು ವಿಶ್ವವಿದ್ಯಾಲಯದ ಮುಖ್ಯಸ್ಥರು, ಅಪ್ಪ ಒಂದು ದೊಡ್ಡ ಶಾಲೆಯ ಮುಖ್ಯಸ್ಥರು. ಓದಿನ ಮನೆತನ. ಸರ್ಕಾರ ಬಿದ್ದ ಸಿಟ್ಟಿನಲ್ಲಿ ಅವರು ನೂರು ಪುಟದಷ್ಟು ಚಿಕ್ಕ ಪುಸ್ತಕ ಬರೆದರು. 1965ರಲ್ಲಿ ಅಚ್ಚಾಯಿತು. ಹೆಸರು 'ಲಮೆಂಟ್ ಫಾರ್ ಎ ನೇಷನ್', ಅಂದರೆ ಒಂದು ದೇಶಕ್ಕಾಗಿ ಅಳು. ಸಾವಿನ ಮನೆಯ ಅಳು ಅಂತಲೇ ತಿಳಿಯಿರಿ. ಕೆನಡಾ ಎಂಬ ಸ್ವತಂತ್ರ ದೇಶದ ಕಥೆ ಮುಗಿಯಿತು ಅಂತ ಅವರು ಖಡಾಖಂಡಿತವಾಗಿ ಬರೆದರು.

ಡೀಫನ್‌ಬೇಕರ್ ಅವರನ್ನು ಗ್ರಾಂಟ್ ಹೊಗಳಿ ಅಟ್ಟಕ್ಕೇರಿಸಲಿಲ್ಲ. ಅವರ ಗೊಂದಲ, ಅವರ ಹಮ್ಮು ಎಲ್ಲವನ್ನೂ ಎತ್ತಿ ತೋರಿಸಿದರು. ಅವರ ಪ್ರಶ್ನೆ ಬೇರೆ ಇತ್ತು. ಈ ಮನುಷ್ಯನ ಜಾಗದಲ್ಲಿ ಚಾಣಾಕ್ಷನೊಬ್ಬ ಕೂತಿದ್ದರೆ ದೇಶ ಉಳಿಯುತ್ತಿತ್ತೇ? ಇಲ್ಲ ಅನ್ನುವುದು ಅವರ ಉತ್ತರ.

ಯಾಕೆ ಇಲ್ಲ? ಇಲ್ಲಿಂದಲೇ ತತ್ವಶಾಸ್ತ್ರ ಶುರುವಾಗುವುದು.

ಅಮೆರಿಕದ ಸ್ವಾತಂತ್ರ್ಯ ಘೋಷಣೆಯಲ್ಲಿ ಜೀವ, ಸ್ವಾತಂತ್ರ್ಯ, ಸುಖದ ಬೆನ್ನುಹತ್ತುವ ಹಕ್ಕು ಅಂತ ಬರೆದಿದೆ. ಕೆನಡಾದ 1867ರ ಸಂವಿಧಾನ ಕಾಯಿದೆಯಲ್ಲಿ ಇರುವುದು ಶಾಂತಿ, ಸುವ್ಯವಸ್ಥೆ, ಒಳ್ಳೆಯ ಆಡಳಿತ. ಕೇಳಲಿಕ್ಕೆ ಸಪ್ಪೆ, ಅಲ್ವಾ? ಆ ಸಪ್ಪೆತನದಲ್ಲೇ ಒಂದು ತಿಳಿವಳಿಕೆ ಇದೆ ಅನ್ನುತ್ತಾರೆ ಗ್ರಾಂಟ್. ಮನುಷ್ಯನ ಆಸೆಗೆ ಒಂದು ಮೇರೆ ಬೇಕು, ಒಬ್ಬೊಬ್ಬರ ಲಾಭಕ್ಕಿಂತ ಎಲ್ಲರ ಒಳಿತು ದೊಡ್ಡದು, ಹಿಂದಿನವರು ಬಿಟ್ಟುಹೋದದ್ದಕ್ಕೆ ಬೆಲೆ ಇದೆ ಎಂಬ ತಿಳಿವಳಿಕೆ. ಇಷ್ಟನ್ನು ಉಳಿಸಿಕೊಳ್ಳಲಿಕ್ಕೇ ಅಮೆರಿಕದ ಪಕ್ಕದಲ್ಲಿ ಬೇರೆ ಮನೆ ಹೂಡಿದ್ದು. ಆದರೆ ಅಮೆರಿಕದವರಿಗೆ ಬೇಕಾದದ್ದೇ ಕೆನಡಾದವರಿಗೂ ಬೇಕಾಯಿತು. ಅದೇ ಕಾರು, ಅದೇ ಟಿವಿ, ಅದೇ ಕಂಪನಿಯ ಕೆಲಸ. ಆಸೆ ಒಂದೇ ಆದಮೇಲೆ ನಡುವಿನ ಗಡಿ ಯಾರಿಗೆ ಬೇಕು?

ಆಧುನಿಕತೆಯ ಮೇಲೆ ಗ್ರಾಂಟ್ ಹೊರಿಸುವ ದೊಡ್ಡ ಆರೋಪ ಇದೇ. ಹೊಸ ಕಾಲ ಹೋದಲ್ಲೆಲ್ಲ ಒಂದೇ ಅಚ್ಚನ್ನು ಒತ್ತುತ್ತದೆ. ಇದು ಪ್ರಗತಿ, ಬೇಡ ಅನ್ನುವವನು ಹಿಂದುಳಿದವನು ಅನ್ನುತ್ತದೆ. ಬಂದೂಕು ಹಿಡಿದು ಬಂದ ಶತ್ರುವನ್ನು ಎದುರಿಸಬಹುದು. ನಿನಗೆ ಬೇಕಾದದ್ದನ್ನೇ ತಂದಿದ್ದೇನೆ ಅಂತ ಬಾಗಿಲು ತಟ್ಟಿದವನನ್ನು ಹೇಗೆ ಎದುರಿಸುತ್ತೀರಿ?

ಇಲ್ಲಿ ರೇಡಿಯೊ ವಿಷಯವೂ ಬರುತ್ತದೆ. 1932ರಲ್ಲಿ ಗ್ರಹಾಂ ಸ್ಪ್ರೈ ಎಂಬುವರು ಕೆನಡಾದ ಸಂಸದೀಯ ಸಮಿತಿಯ ಮುಂದೆ ನಿಂತು, ನಮ್ಮ ಮುಂದೆ ಇರುವುದು ಎರಡೇ ದಾರಿ, ಒಂದೋ ಸರ್ಕಾರ, ಇಲ್ಲವೋ ಅಮೆರಿಕ ಅಂದರು. ಸರ್ಕಾರ ಬಾನುಲಿ ನಡೆಸದಿದ್ದರೆ ಗಡಿಯಾಚೆಯ ಜಾಹೀರಾತಿನ ಕೇಂದ್ರಗಳೇ ಮನೆ ಹೊಕ್ಕುತ್ತವೆ ಅಂತ. ಅದನ್ನು ಕೇಳಿ ಸಾರ್ವಜನಿಕ ಬಾನುಲಿಗೆ ಕಾನೂನು ತಂದದ್ದು ಕನ್ಸರ್ವೇಟಿವ್ ಸರ್ಕಾರ. ಕನ್ಸರ್ವೇಟಿವ್ ಅಂದರೆ ಎಲ್ಲವನ್ನೂ ಮಾರುಕಟ್ಟೆಗೆ ಬಿಟ್ಟುಕೊಡಿ ಅನ್ನುವವರು ಅಂತ ಇವತ್ತು ಅಂದುಕೊಳ್ಳುತ್ತೇವಲ್ಲ, ಗ್ರಾಂಟ್ ಅದನ್ನು ಒಪ್ಪುವುದೇ ಇಲ್ಲ. ಉಳಿಸಿಕೊಳ್ಳಬೇಕು ಅನ್ನುವವನು ಮಾರುಕಟ್ಟೆಗೆ ಕಡಿವಾಣ ಹಾಕಲೇಬೇಕು ಅನ್ನುವುದು ಅವರ ವಾದ. ಇಂಥವರಿಗೆ 1966ರಲ್ಲಿ ಒಬ್ಬ ವಿದ್ವಾಂಸರು 'ರೆಡ್ ಟೋರಿ' ಅಂತ ಹೆಸರಿಟ್ಟರು. ಕೆಂಪು ಬಣ್ಣದ ಸಂಪ್ರದಾಯಸ್ಥ. ವಿಯೆಟ್ನಾಂ ಯುದ್ಧದ ವಿರುದ್ಧ ನಿಂತಾಗ ಎಡಪಂಥದ ಹುಡುಗರು ಗ್ರಾಂಟ್ ಅವರನ್ನು ತಲೆ ಮೇಲೆ ಹೊತ್ತುಕೊಂಡರು. ಗರ್ಭಪಾತದ ವಿರುದ್ಧ ಬರೆದಾಗ ಅದೇ ಎಡದವರು ಮುಖ ತಿರುಗಿಸಿದರು. ಆ ಮನುಷ್ಯ ಯಾರ ಜೇಬಿಗೂ ಹಿಡಿಸಲಿಲ್ಲ.

1958ರಲ್ಲಿ ಗ್ರಾಂಟ್ ಕೂಡ ಇದೇ ಕೆನಡಾ ಬಾನುಲಿಯಲ್ಲಿ ಸಾಲು ಭಾಷಣ ಕೊಟ್ಟರು. ಮರುವರ್ಷ ಅದೇ ಅವರ ಮೊದಲ ದೊಡ್ಡ ಪುಸ್ತಕವಾಯಿತು. ಮೈಕಿನ ಮುಂದೆ ಕೂತು ಯಂತ್ರಯುಗವನ್ನು ಪ್ರಶ್ನಿಸುವುದು ತಮಾಷೆ ಅನ್ನಿಸುತ್ತದೆ. ನಾನೂ ಈಗ ಮಾಡುತ್ತಿರುವುದು ಅದನ್ನೇ, ಬಿಡಿ.

ಅವರ ಬರಹದಲ್ಲಿ ನನಗೆ ಜಾಸ್ತಿ ಹಿಡಿಸಿದ್ದು ಕಂಪ್ಯೂಟರ್ ಬಗ್ಗೆ ಬರೆದದ್ದು. ಕಂಪ್ಯೂಟರ್ ಕೆಲಸ ಬಲ್ಲ ಒಬ್ಬರು ಅವರಿಗೆ ಹೇಳಿದರಂತೆ: ತನ್ನನ್ನು ಹೇಗೆ ಬಳಸಬೇಕು ಅಂತ ಕಂಪ್ಯೂಟರ್ ನಮ್ಮ ಮೇಲೆ ಏನನ್ನೂ ಹೇರುವುದಿಲ್ಲ. ನಾವೂ ದಿನಕ್ಕೊಮ್ಮೆ ಹೇಳುವ ಮಾತೇ. ಚಾಕುವಿನಿಂದ ಹಣ್ಣೂ ಹೆಚ್ಚಬಹುದು, ಕೊಲೆಯೂ ಮಾಡಬಹುದು, ತಪ್ಪು ಚಾಕುವಿನದಲ್ಲ ಅನ್ನುತ್ತೇವಲ್ಲ, ಹಾಗೆ. ಗ್ರಾಂಟ್ ಈ ಒಂದು ಸಾಲನ್ನು ಹಿಡಿದು ಪುಟಗಟ್ಟಲೆ ಬಿಡಿಸುತ್ತಾರೆ. ಹತ್ತಿಯನ್ನು ಬೀಜದಿಂದ ಬಿಡಿಸಿದ ಹಾಗೆ.

ಕಾರನ್ನೇ ತೆಗೆದುಕೊಳ್ಳಿ. ಕಾರು ಯಾರ ಮೇಲೂ ಏನೂ ಹೇರುವುದಿಲ್ಲ, ನಿಜ. ಆದರೆ ಕಾರು ಬಂತು ಅಂದರೆ ರಸ್ತೆ ಅಗಲವಾಗಬೇಕು, ಊರು ದೂರದೂರಕ್ಕೆ ಹರಡಬೇಕು, ಎಣ್ಣೆ ಎಲ್ಲಿಂದಲೋ ಬರಬೇಕು, ಎಣ್ಣೆ ಇರುವ ದೇಶದ ಮೇಲೆ ಕಣ್ಣಿಡಬೇಕು. ಸೀಟಿನಲ್ಲಿ ಕೂತವನಿಗೆ ಎಡಕ್ಕೆ ಹೋಗಲೋ ಬಲಕ್ಕೆ ಹೋಗಲೋ ಅನ್ನುವ ಆಯ್ಕೆ ಇದೆ. ರಸ್ತೆಯೇ ಇಲ್ಲದ ಊರಿನ ಆಯ್ಕೆ ಅವನಿಗೆ ಉಳಿದಿಲ್ಲ. ಕಂಪ್ಯೂಟರೂ ಹಾಗೆಯೇ. ಅದು ಕೆಲಸ ಮಾಡಬೇಕಾದರೆ ಮೊದಲು ಲೋಕವನ್ನು ಮಾಹಿತಿಯ ತುಂಡುಗಳಾಗಿ ವಿಂಗಡಿಸಿಕೊಡಬೇಕು. ಶಾಲೆಯ ಮಗುವನ್ನು ಅದಕ್ಕೆ ಒಪ್ಪಿಸುವ ಮೊದಲು ಮಗು ಅಂಕಿಯಾಗಬೇಕು. ವಿಂಗಡಣೆ ಅಂದಮೇಲೆ ಎಲ್ಲವೂ ಒಂದೇ ಅಳತೆಗೆ ಬರಬೇಕು. ಈ ಒಂದೇ ಅಳತೆಯನ್ನು ಯಾರೂ ಹೇರಲಿಲ್ಲ, ಆದರೂ ಅದು ಬಂದು ಕೂತಿದೆ. ಗ್ರಾಂಟ್ ತೀರಿಕೊಂಡದ್ದು 1988ರಲ್ಲಿ, ಹ್ಯಾಲಿಫ್ಯಾಕ್ಸ್‌ನಲ್ಲಿ. ಸ್ಮಾರ್ಟ್‌ಫೋನ್ ಅನ್ನು ಅವರು ನೋಡಲೇ ಇಲ್ಲ.

ಇನ್ನೊಂದು ಕಡೆ ಅವರು ರಾಕಿ ಪರ್ವತಗಳ ಮಾತು ತೆಗೆಯುತ್ತಾರೆ. ಅಲ್ಲಿಗೆ ಹೋದರೆ ಇಲ್ಲಿ ದೇವರುಗಳು ಇದ್ದಾರೆ ಅಂತ ನಮಗೆ ಅನ್ನಿಸಬಹುದು. ಆದರೆ ಅವರು ನಮ್ಮವರಾಗಿ ನಮಗೆ ಕಾಣಿಸಿಕೊಳ್ಳಲಾರರು. ಅವರು ಬೇರೆ ಜನರ ದೇವರುಗಳು. ನಾವು ಎಂಥವರು, ಇಲ್ಲಿ ಏನು ಮಾಡಿದೆವು ಅನ್ನುವುದೇ ಅಡ್ಡ ನಿಂತಿದೆ. ಇದು ಅವರ ಮಾತಿನ ಸಾರ. ಬೆಟ್ಟ ಕಂಡಲ್ಲೆಲ್ಲ ಒಬ್ಬ ರಂಗನನ್ನೋ ಮಾದಪ್ಪನನ್ನೋ ಕಾಣುವ ನಮಗೆ ಆ ಒಂಟಿತನ ಚಟ್ಟನೆ ಅರ್ಥವಾಗುವುದಿಲ್ಲ. ಕಾಡು ಕಡಿದು, ಮೂಲನಿವಾಸಿಗಳನ್ನು ಒಕ್ಕಲೆಬ್ಬಿಸಿ, ನೆಲವನ್ನು ಬರೀ ಸರಕಾಗಿ ನೋಡಿದ ವಲಸಿಗರ ಮೊಮ್ಮಗ ಆಡಿದ ಮಾತು ಅದು.

ಅವರ ಎಲ್ಲ ಮಾತಿಗೂ ನಾನು ತಲೆ ಆಡಿಸಲಾರೆ. ಅವರು ಅತ್ತದ್ದು ಬ್ರಿಟಿಷ್ ಬೇರಿನ ಕೆನಡಾಕ್ಕಾಗಿ. ಬ್ರಿಟನ್ನಿನ ಇನ್ನೊಂದು ಮುಖ ಕಂಡ ನಮ್ಮಂಥವರಿಗೆ ಆ ಕಣ್ಣೀರು ಪೂರ್ತಿ ಒಗ್ಗುವುದಿಲ್ಲ. ಇನ್ನೊಂದು ತಮಾಷೆ ನೋಡಿ. ದೇಶ ಸತ್ತಿತು ಅಂತ ಸಾರಿದ ಆ ಪುಸ್ತಕ ಓದಿಯೇ ಕೆನಡಾದ ಒಂದು ತಲೆಮಾರಿಗೆ ದೇಶಾಭಿಮಾನ ಕೆರಳಿತು.

ಕೆನಡಾದ ಇನ್ನೊಬ್ಬ ತತ್ವಜ್ಞಾನಿ, ಮಾಂಟ್ರಿಯಾಲ್‌ನ ಚಾರ್ಲ್ಸ್ ಟೇಲರ್ ಹಿಡಿದ ದಾರಿ ಬೇರೆ. 1931ರಲ್ಲಿ ಹುಟ್ಟಿದವರು. ಅಪ್ಪನದು ಇಂಗ್ಲಿಷ್, ಅಮ್ಮನದು ಫ್ರೆಂಚ್. 1991ರಲ್ಲಿ ಕೆನಡಾ ಬಾನುಲಿಯ ಮ್ಯಾಸಿ ಉಪನ್ಯಾಸದಲ್ಲಿ ಆಧುನಿಕತೆಯ ಕಾಯಿಲೆಗಳ ಬಗ್ಗೆ ಮಾತಾಡಿದರು. ನನಗೆ ನಾನೇ ಸರಿ ಅನ್ನುವುದು, ಎಲ್ಲವನ್ನೂ ಲಾಭನಷ್ಟದ ತಕ್ಕಡಿಗೆ ಹಾಕುವುದು, ಊರಿನ ಉಸಾಬರಿ ನಮಗೇಕೆ ಅಂತ ಮನೆಯೊಳಗೆ ಕೂರುವುದು. ಗ್ರಾಂಟ್ ಕಂಡ ರೋಗಗಳೇ ಇವು. ಆದರೆ ಟೇಲರ್ ಹೆಣ ಎತ್ತುವುದಿಲ್ಲ, ಮದ್ದು ಹುಡುಕುತ್ತಾರೆ. ನಾನು ನಾನಾಗಿಯೇ ಬಾಳಬೇಕು ಅನ್ನುವ ಹಂಬಲ ಕೆಟ್ಟದ್ದಲ್ಲ, ಅದನ್ನು ಅಗ್ಗ ಮಾಡಿಕೊಂಡಿದ್ದೇವೆ ಅನ್ನುತ್ತಾರೆ. ಅದಕ್ಕೆ ಅವರು ಕೊಡುವ ಉದಾಹರಣೆ ನೋಡಿ. ನನ್ನ ತಲೆಯಲ್ಲಿ ಸರಿಯಾಗಿ 3,732 ಕೂದಲು ಇರಬಹುದು, ಲೋಕದಲ್ಲಿ ಇನ್ಯಾರಿಗೂ ಅಷ್ಟೇ ಇಲ್ಲದಿರಬಹುದು. ಆದರೇನಂತೆ? ಬೆಚ್ಚಗಿನ ಕೆಸರಿನಲ್ಲಿ ಕಾಲ್ಬೆರಳು ಆಡಿಸುವುದೇ ನನ್ನ ಬಾಳಿನ ದೊಡ್ಡ ಕೆಲಸ ಅಂತ ನಾನೊಬ್ಬನೇ ತೀರ್ಮಾನಿಸಿದರೆ ಅದು ದೊಡ್ಡದಾಗಿಬಿಡುವುದಿಲ್ಲ. ಯಾವುದು ದೊಡ್ಡದು ಅನ್ನುವುದು ನನಗಿಂತ ಮೊದಲೇ ಇರುವ ಭಾಷೆಯಿಂದ, ಜನರಿಂದ, ಅವರ ಜೊತೆಗಿನ ಮಾತಿನಿಂದ ಬರಬೇಕು. ಹೆಚ್ಚಿನ ಜನ ಒಪ್ಪುವುದು ಟೇಲರ್ ಅವರನ್ನೇ. ನನ್ನ ನಿದ್ದೆ ಕೆಡಿಸುವವರು ಮಾತ್ರ ಗ್ರಾಂಟ್.

ಇಷ್ಟು ಕತ್ತಲೆ ಕಂಡ ಮನುಷ್ಯ ಯಾವ ಬಲದ ಮೇಲೆ ಬದುಕಿದರು? ಅದಕ್ಕೆ ಅವರು ಹೇಳಿಕೊಂಡ ಒಂದು ಸಣ್ಣ ಘಟನೆ ಇದೆ. ಎರಡನೇ ಮಹಾಯುದ್ಧ. ಆಕ್ಸ್‌ಫರ್ಡ್‌ಗೆ ಓದಲು ಹೋಗಿದ್ದ ಹುಡುಗ ಕೊಲ್ಲುವುದಿಲ್ಲ ಅಂತ ನಿರ್ಧರಿಸಿ, ಬಾಂಬು ಬೀಳುತ್ತಿದ್ದ ಲಂಡನ್ನಿನ ಬರ್ಮಂಡ್ಸಿ ಬಡಾವಣೆಯಲ್ಲಿ ಜನರನ್ನು ಕಾಯುವ ಕೆಲಸಕ್ಕೆ ಸೇರಿದ್ದ. ಜೊತೆಗೆ ಓಡಾಡುತ್ತಿದ್ದವರ ಹೆಣಗಳನ್ನು ನೋಡಿದ. ಮೈ, ಮನಸ್ಸು ಎರಡೂ ಮುರಿದವು. 1941ರಲ್ಲಿ ಹಳ್ಳಿಗಾಡಿಗೆ ಹೋಗಿ ಒಂದು ತೋಟದಲ್ಲಿ ಕೂಲಿಗೆ ನಿಂತ. ಬೆಳಗಿನ ಐದಕ್ಕೆ ಸೈಕಲ್ ತುಳಿದು ಕೆಲಸಕ್ಕೆ ಹೋಗಬೇಕು. ಒಂದು ಬೆಳಿಗ್ಗೆ ದಾರಿಯಲ್ಲಿ ಗೇಟು ಅಡ್ಡ ಬಂತು. ಸೈಕಲ್ ಇಳಿದು ಗೇಟು ತೆಗೆದ. ಮತ್ತೆ ಸೈಕಲ್ ಹತ್ತುವಷ್ಟರಲ್ಲಿ ದೇವರನ್ನು ಒಪ್ಪಿಕೊಂಡಿದ್ದೆ ಅನ್ನುತ್ತಾರೆ ಗ್ರಾಂಟ್. ಆಮೇಲೆ ಎಂದಿನಂತೆ ತೋಟದ ಕೆಲಸ.

ನಮಸ್ಕಾರ.