ಕ್ಯಾಮೆರಾ ಹಿಂದಿನ ಶಂಕರ್‌ನಾಗ್

ಕೇಳುಗರಿಗೆ ನಮಸ್ಕಾರ.

ಶಂಕರ್‌ನಾಗ್ ಹುಟ್ಟಿದ ದಿನ ನವೆಂಬರ್ 9 ಬಂತೆಂದರೆ ಆಟೋ ನಿಲ್ದಾಣಗಳಲ್ಲಿ ಅವರ ಪಟಕ್ಕೆ ಹಾರ ಬೀಳುತ್ತದೆ, ಧ್ವನಿವರ್ಧಕದಲ್ಲಿ 'ಆಟೋ ರಾಜ'ನ ಹಾಡು ಕೇಳುತ್ತದೆ. ಈ ಪ್ರೀತಿ ದೊಡ್ಡದು. ಆದರೆ ಶಂಕರ್ ಆ ಪಟದಲ್ಲೇ ಮುಗಿದುಹೋದರೆ ನನಗೆ ಸಂಕಟವಾಗುತ್ತದೆ. ತೆರೆಯ ಮೇಲಿನ ಶಂಕರ್‌ನಾಗ್ ನಿಮಗೆಲ್ಲ ಗೊತ್ತು. ಕ್ಯಾಮೆರಾ ಹಿಂದೆ ನಿಂತ ಶಂಕರ್‌ನಾಗ್ ಆ ನಟನಿಗಿಂತ ದೊಡ್ಡವರು. ಇವತ್ತು ನಾನು ಹೇಳಬೇಕೆಂದಿರುವುದು ಇದಿಷ್ಟೇ.

ಹುಟ್ಟಿದ್ದು 1954ರಲ್ಲಿ, ಹೊನ್ನಾವರದ ಕಡೆ. ನಾಟಕದ ರುಚಿ ಹತ್ತಿದ್ದು ಮುಂಬೈಯ ಮರಾಠಿ ರಂಗಭೂಮಿಯಲ್ಲಿ. 1978ರಲ್ಲಿ ಗಿರೀಶ ಕಾರ್ನಾಡರ 'ಒಂದಾನೊಂದು ಕಾಲದಲ್ಲಿ' ಬಂತು. ಮೊದಲ ಚಿತ್ರಕ್ಕೇ ಭಾರತದ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ! ಬೇರೆಯವರಾಗಿದ್ದರೆ ನಾಯಕನಾಗಿ ನೆಮ್ಮದಿಯಾಗಿ ಇದ್ದುಬಿಡುತ್ತಿದ್ದರು. ಇವರು ಮರಾಠಿಯ '22 ಜೂನ್ 1897' ಚಿತ್ರದ ಬರವಣಿಗೆಯಲ್ಲಿ ಕೈಜೋಡಿಸಿದರು. 1980ರಲ್ಲಿ, ಅಣ್ಣ ಅನಂತ್‌ನಾಗ್ ಅವರನ್ನು ಜೊತೆಗಿಟ್ಟುಕೊಂಡು, 'ಮಿಂಚಿನ ಓಟ' ನಿರ್ದೇಶಿಸಿದರು. ಮರುವರ್ಷ 'ಗೀತಾ'. 'ಜೊತೆಯಲಿ ಜೊತೆ ಜೊತೆಯಲಿ' ಎಂದು ಗುನುಗುವ ಎಷ್ಟು ಜನಕ್ಕೆ ಆ ಚಿತ್ರದ ನಿರ್ದೇಶಕರೂ ಶಂಕರ್ ಅಂತ ಗೊತ್ತು, ಹೇಳಿ?

ಈಗ ಶಂಕರ್ ನಿರ್ದೇಶಿಸಿದ 'ಮಾಲ್ಗುಡಿ ಡೇಸ್' ಟಿವಿ ಧಾರಾವಾಹಿಗೆ ಬರೋಣ. ಇದರ ಬಗ್ಗೆ ಮಾತಾಡದೆ ನನಗೆ ಸಮಾಧಾನವಿಲ್ಲ.

ಆರ್.ಕೆ. ನಾರಾಯಣರ ಕತೆಗಳ ಊರು ಮಾಲ್ಗುಡಿ ಯಾವ ಭೂಪಟದಲ್ಲೂ ಇಲ್ಲ. ಇಲ್ಲದ ಊರನ್ನು ಕ್ಯಾಮೆರಾಕ್ಕೆ ತೋರಿಸುವುದು ಹೇಗೆ? ಶಂಕರ್ ಅದನ್ನು ಆಗುಂಬೆಯಲ್ಲಿ ಹುಡುಕಿದರು. ಮಳೆಗಾಲ ಹಿಡಿಯಿತೆಂದರೆ ಬಿಡದ ಊರು ಅದು! ಅಲ್ಲಿನ ದೊಡ್ಡಮನೆಯ ಕಂಬಗಳು, ಜಗಲಿ, ಒಳಾಂಗಣ ಎಲ್ಲ ಕತೆಯೊಳಗೆ ಬಂದವು. ಕಲಾನಿರ್ದೇಶಕ ಜಾನ್ ದೇವರಾಜ್ ಬೀದಿಗೆ ಹಳೆಯ ಕಾಲದ ಮುಖ ಕೊಟ್ಟರು, ನಡುವೆ ಕತೆಗಳಲ್ಲಿ ಬರುವ ಬ್ರಿಟಿಷ್ ಅಧಿಕಾರಿ ಸರ್ ಫ್ರೆಡರಿಕ್ ಲಾಲಿಯ ಪ್ರತಿಮೆ ನಿಲ್ಲಿಸಿದರು. ರೈಲು ನಿಲ್ದಾಣಕ್ಕೆ ಶಿವಮೊಗ್ಗ ಜಿಲ್ಲೆಯದೇ ಅರಸಾಳು ಸಿಕ್ಕಿತು. ಆ ಹಳೆಯ ಕಟ್ಟಡ ಈಗ ಮಾಲ್ಗುಡಿ ವಸ್ತುಸಂಗ್ರಹಾಲಯವಾಗಿದೆ, ಹೋಗಿ ನೋಡಿ ಬನ್ನಿ. ಆಗುಂಬೆಯ ಜನರೇ ಮಾಲ್ಗುಡಿಯ ಜನರಾಗಿ ಓಡಾಡಿದರು. ಕತೆಯ ಹುಡುಗ ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ಅಪ್ಪನಾಗಿ ಕಾರ್ನಾಡ್, ಅಮ್ಮನಾಗಿ ವೈಶಾಲಿ ಕಾಸರವಳ್ಳಿ. ಒಂದು ಕತೆಗೆ ವಿಷ್ಣುವರ್ಧನ್ ಬಂದು ಬಡ ಗುಮಾಸ್ತನಾದರು. ಹಿಂದಿಯಲ್ಲಿ ಒಮ್ಮೆ ತೆಗೆದ ದೃಶ್ಯವನ್ನು ಅಲ್ಲೇ ಮತ್ತೊಮ್ಮೆ ಇಂಗ್ಲಿಷಿನಲ್ಲಿ ತೆಗೆಯುವ ಕೆಲಸವೂ ಇತ್ತು. ಮಲೆನಾಡಿನ ಬೆಳಕು ಸರಿಯುವುದರೊಳಗೆ ಚಿಕ್ಕ ಹುಡುಗರಿಂದ ಅದೇ ಅಳು, ಅದೇ ನಗು ಎರಡನೆಯ ಸಲ ಬರಬೇಕು! ಚಿತ್ರೀಕರಣ ನಡೆಸಿದವರಿಗೆ ಗೊತ್ತು ಆ ಕಷ್ಟ. ದೂರದರ್ಶನದಲ್ಲಿ ಎಲ್. ವೈದ್ಯನಾಥನ್ ಅವರ ಆ ರಾಗ ಶುರುವಾದರೆ, ಆರ್.ಕೆ. ಲಕ್ಷ್ಮಣ್ ಅವರ ಗೆರೆಗಳು ಮೂಡಿದರೆ, ದೇಶವೇ ಟಿವಿ ಮುಂದೆ ಕೂರುತ್ತಿತ್ತು. ಶಿಳ್ಳೆ ಗಿಟ್ಟಿಸುವ ನಾಯಕ, ಒಂದು ಶಾಲೆಯ ಹುಡುಗನಿಗೆ ಇಡೀ ಪರದೆ ಬಿಟ್ಟುಕೊಟ್ಟಿದ್ದರು. ಅದಕ್ಕೇ ಹೇಳುವುದು, ಕ್ಯಾಮೆರಾ ಹಿಂದೆ ನೋಡಿ ಅಂತ.

ಸಮಯ ಕಡಿಮೆಯಿದೆ, ಉಳಿದದ್ದು ಬೇಗ ಹೇಳುತ್ತೇನೆ. 'ಆಕ್ಸಿಡೆಂಟ್': ಪಾದಚಾರಿ ದಾರಿಯಲ್ಲಿ ಮಲಗಿದ್ದ ಕೂಲಿಗಳ ಮೇಲೆ ದೊಡ್ಡವರ ಮಗನ ಕಾರು ಹರಿಯುತ್ತದೆ. ಪತ್ರಕರ್ತನ ಪಾತ್ರವೂ ಶಂಕರ್‌ದೇ, ನಿರ್ದೇಶನವೂ ಅವರದೇ. ರಾಷ್ಟ್ರಪ್ರಶಸ್ತಿ ಬಂತು. ರಾಜ್‌ಕುಮಾರ್ ಅವರನ್ನು ನೀರಿನೊಳಗೆ ಇಳಿಸಿದ 'ಒಂದು ಮುತ್ತಿನ ಕಥೆ' 1987ರದು. ಬೆಂಗಳೂರಿನಲ್ಲೇ ಧ್ವನಿಮುದ್ರಣ ಆಗಲೆಂದು ಸಂಕೇತ್ ಸ್ಟುಡಿಯೋ ಕಟ್ಟಿದರು. ಜೊತೆಗೆ ಸಂಕೇತ್ ನಾಟಕ ತಂಡ. 1990ರ ಸೆಪ್ಟೆಂಬರ್ 30ರಂದು ದಾವಣಗೆರೆ ಹತ್ತಿರದ ಆನಗೋಡಿನಲ್ಲಿ ಅಪಘಾತದಲ್ಲಿ ತೀರಿಕೊಂಡಾಗ ಅವರಿಗೆ 35 ವರ್ಷ. ಇಷ್ಟೆಲ್ಲ ಮಾಡಿದ್ದು ಬರೀ 12 ವರ್ಷದಲ್ಲಿ.

ಈ ವಾರ ಬಿಡುವಾದಾಗ 'ಆಕ್ಸಿಡೆಂಟ್' ನೋಡಿ, ಮನೆಯ ಹುಡುಗರನ್ನೂ ಕೂರಿಸಿಕೊಳ್ಳಿ. 'ಮಿಂಚಿನ ಓಟ'ವನ್ನು ಅದರ ಮರುದಿನ ನೋಡಿ. ನಮಸ್ಕಾರ.